ನಡೆದುಬಂದಂತೆ

ಡ್ವೈಟ್ ಲರಾಬಿ ಡ್ರಿಲ್ಲಿನ ಮೊನೆಯನ್ನು ಮೇಪಲ್ ಮರದ ತೊಗಟೆಗೆ ಒತ್ತಿ ಹಿಡಿದು, ಗುಂಡಿ ಅದುಮದೆ ನಿಂತು ಐದು ನಿಮಿಷವಾಗಿತ್ತು. ಮಾರ್ಚಿನ ಮೊದಲ ವಾರ, ಬೆಳಗಿನ ಹತ್ತು ಗಂಟೆ. ಇರುಳೆಲ್ಲ ಹೆಪ್ಪುಗಟ್ಟಿ ಹಗಲು ಕರಗುವ, ಮರದೊಳಗಿನ ಸಿಹಿನೀರು ಇಳಿಯುವುದಕ್ಕೆ ಹೇಳಿ ಮಾಡಿಸಿದ ಹವೆ. ಬೇಲಿಯಿಲ್ಲದ ಗಡಿಯ ಆಚೆ ಅವನದೇ ಇನ್ನೂರು ಮರಗಳಿಂದ ಎರಡು ದಿನದಿಂದ ನೀರು ಪೈಪುಗಳಲ್ಲಿ ಹರಿದು ಪಾಕ ಕಾಯಿಸುವ ಶೆಡ್ಡಿನ ತೊಟ್ಟಿಗೆ ಬೀಳುತ್ತಿತ್ತು. ಈಚೆ, ಥೆಲ್ಮಾ ಪೆಕ್ ಎಂಬ ಮುದುಕಿಯ ನೂರ ನಲವತ್ತು ಮರಗಳ ನಡುವೆ, ಅವನು ಕಟ್ಟಿದ ಅಂಥವೇ ನೀಲಿ ಪೈಪುಗಳು ಒಣಗಿ ಜೋತಾಡುತ್ತಿದ್ದವು. ಕೊರೆಯಬಾರದೆಂದು ಯಾರೂ ಹೇಳಿರಲಿಲ್ಲ. ಕೊರೆಯಬಹುದೆಂದು ಜಡ್ಜೇ ಬರೆದುಕೊಟ್ಟಿದ್ದ. ಆ ಕಾಗದ ಸ್ಯಾಂಡ್‌ವಿಚ್ ಕಟ್ಟುವ ಪ್ಲಾಸ್ಟಿಕ್ ಚೀಲದೊಳಗೆ, ನೆನೆಯದಂತೆ, ಅವನ ಎದೆಜೇಬಿನಲ್ಲಿತ್ತು. ಅಪೀಲು ಇತ್ಯರ್ಥವಾಗುವವರೆಗೆ ತೀರ್ಪಿನ ಜಾರಿಯನ್ನು ತಡೆಹಿಡಿಯಲಾಗಿದೆ. ಅಲ್ಲಿಯವರೆಗೆ ಉಭಯ ಪಕ್ಷಗಳೂ ಹಿಂದಿನಿಂದ ನಡೆದುಬಂದಂತೆಯೇ ನಡೆದುಕೊಳ್ಳತಕ್ಕದ್ದು. ಎರಡೂ ಸಾಲು ಬಾಯಿಪಾಠವಾಗಿದ್ದವು. ಹೋದ ವರ್ಷ ಕೊರೆದ ತೂತು ಅಂಗೈಯಗಲ ಪಕ್ಕದಲ್ಲೇ ಮುಚ್ಚಿಕೊಂಡು ಹೊಕ್ಕುಳಿನ ಹಾಗೆ ಕಾಣುತ್ತಿತ್ತು. ಅದರಿಂದ ಇನ್ನು ಒಂದು ಹನಿಯೂ ಬರುವುದಿಲ್ಲ, ಪ್ರತಿ ವರ್ಷ ಹೊಸ ತೂತೇ ಆಗಬೇಕು. ನಡೆದುಬಂದಂತೆ ನಡೆಯಬೇಕಾದರೆ ವರ್ಷವರ್ಷವೂ ಹೊಸದಾಗಿ ಗಾಯ ಮಾಡಬೇಕಾದ ಕಸುಬು ಇದು ಎಂದು ಜಡ್ಜಿಗೆ ಯಾರೂ ತಿಳಿಸಿದಂತಿರಲಿಲ್ಲ. ಬೆರಳು ಚಳಿಗೆ ಮರಗಟ್ಟಿದೆ ಎಂದು ಡ್ವೈಟ್ ತನಗೆ ತಾನೇ ಹೇಳಿಕೊಂಡ. ಆಚೆಯ ಇನ್ನೂರು ಮರ ಕೊರೆಯುವಾಗ ಆ ಬೆರಳಿಗೆ ಏನೂ ಆಗಿರಲಿಲ್ಲ.

ಮರಗಳು ಥೆಲ್ಮಾಳವು ಎಂಬುದರಲ್ಲಿ ಯಾರಿಗೂ ತಕರಾರಿರಲಿಲ್ಲ. ತಕರಾರು ಇದ್ದದ್ದು, ಲರಾಬಿಗಳು ಆಕೆಯನ್ನು ಕೇಳಿ ಕೊರೆಯುತ್ತಿದ್ದರೋ ಕೇಳದೆ ಕೊರೆಯುತ್ತಿದ್ದರೋ ಎಂಬುದರಲ್ಲಿ. ಇನ್ನೊಬ್ಬರ ಮರವನ್ನು ಹದಿನೈದು ವರ್ಷ ಬಿಡದೆ, ಎಲ್ಲರಿಗೂ ಕಾಣುವಂತೆ, ಪ್ರತಿಕೂಲವಾಗಿ ಬಳಸಿದ್ದರೆ ಬಳಸುವ ಹಕ್ಕು ಹುಟ್ಟಿಬಿಡುತ್ತದೆ ಎಂದು ಅವನ ವಕೀಲ ಬ್ರೆಂಡನ್ ಫಿಚ್ ಮೊದಲ ದಿನವೇ ಹೇಳಿದ್ದ. ಪ್ರತಿಕೂಲವಾಗಿ ಅಂದರೆ ಜಗಳ ಆಡಿಕೊಂಡೇ ಎಂದು ಡ್ವೈಟ್ ಕೇಳಿದ್ದ. ಜಗಳ ಬೇಕಿಲ್ಲ, ಕೇಳದೆ ತೆಗೆದುಕೊಂಡಿದ್ದರೆ ಸಾಕು. ಒಪ್ಪಿಗೆ ಪಡೆದು ಬಳಸಿದ್ದರೆ ಮಾತ್ರ ಕೆಟ್ಟಿತು, ಆಗ ಅದು ಬರೀ ಉಪಕಾರ, ಹಕ್ಕಲ್ಲ ಎಂದು ಫಿಚ್ ಬಿಡಿಸಿ ಹೇಳಿದ್ದ. ಅಂದರೆ ಐವತ್ತು ವರ್ಷ ಲರಾಬಿಗಳು ಕಳ್ಳರ ಹಾಗೆ ನಡೆದುಕೊಂಡಿದ್ದರೆ ಗೆಲುವು, ಮರ್ಯಾದಸ್ಥರಾಗಿದ್ದರೆ ಸೋಲು. ಡ್ವೈಟ್‌ಗೆ ಆಗ ನಗು ಬಂದಿತ್ತು. ಸಾಕ್ಷಿಯ ಕಟಕಟೆಯಲ್ಲಿ ನಿಂತಾಗ ಬರಲಿಲ್ಲ. ನಿಮ್ಮ ತಂದೆ ಆಕೆಯನ್ನು ಕೇಳಿದ್ದನ್ನು ಯಾವತ್ತಾದರೂ ನೋಡಿದ್ದೀರಾ ಎಂದು ಎದುರು ವಕೀಲ ಕೇಳಿದ ಕೂಡಲೆ ಅವನಿಗೆ ಕಂಡದ್ದು ಟ್ರಕ್ಕಿನ ಕಿಟಕಿ. ಆಗ ಅವನಿಗೆ ಇಪ್ಪತ್ತೆರಡು ವರ್ಷ. ಇಂಜಿನ್ ಆರಿಸದೆ ಸ್ಟಿಯರಿಂಗ್ ಹಿಡಿದು ಕೂತಿದ್ದ. ಅಪ್ಪ ಮೆರಿಲ್ ಇಳಿದುಹೋಗಿ, ಪೆಕ್‌ರ ಅಡುಗೆಮನೆ ಬಾಗಿಲ ಮುಂದೆ ಟೋಪಿ ತೆಗೆದು, ಬೋಳುತಲೆಯ ಮೇಲೆ ಹಿಮ ಬೀಳುತ್ತಿದ್ದರೂ ಹಾಗೇ ನಿಂತು ಕೇಳುತ್ತಿದ್ದ. ಪ್ರತಿ ವರ್ಷ ಕೇಳುತ್ತಿದ್ದ. ಪ್ರತಿ ವರ್ಷ ಆಗಲಿ ಎನಿಸಿಕೊಂಡು ಬರುತ್ತಿದ್ದ. ಹೂಂ ಎನ್ನುತ್ತಾಳೆಂದು ಗೊತ್ತಿದ್ದೂ ಅಷ್ಟು ದೊಡ್ಡ ಮನುಷ್ಯ ಹೀಗೆ ತಲೆ ಬರಿದು ಮಾಡಿಕೊಂಡು ನಿಲ್ಲುವುದೇಕೆ ಎಂದು ಡ್ವೈಟ್ ಅಸಹ್ಯಪಟ್ಟು ಆಚೆ ನೋಡಿದ್ದ. ಆಚೆ ನೋಡಿದ್ದಂತೂ ನಿಜ ತಾನೆ. ಹಾಗಾಗಿ ಕಟಕಟೆಯಲ್ಲಿ, ನೋಡಿಲ್ಲ ಎಂದ.

ಮುಂದಿನ ಸಾಲಿನಲ್ಲಿ ಕೂತಿದ್ದ ಥೆಲ್ಮಾ ಆಗ ಅವನನ್ನು ನೋಡಿದ್ದಳು. ಅದರಲ್ಲಿ ಸಿಟ್ಟಿರಲಿಲ್ಲ, ಅದೇ ತೊಂದರೆ. ಮೂವತ್ತೊಂದು ವರ್ಷ ಊರಿನ ದಾಖಲೆ ಕಚೇರಿಯ ಕಿಟಕಿಯ ಹಿಂದೆ ಕೂತು, ಮದುವೆ, ಸಾವು, ಜಮೀನು, ನಾಯಿಯ ಲೈಸೆನ್ಸು ಎಲ್ಲವನ್ನೂ ಬರೆದುಕೊಂಡ ಹೆಂಗಸು ಆಕೆ. ತಪ್ಪಾಗಿ ತುಂಬಿದ ಅರ್ಜಿಯನ್ನು ನೋಡುವ ಹಾಗೆ ನೋಡಿದಳು, ಅಷ್ಟೇ. ಜಡ್ಜು ತೀರ್ಪಿನ ಒಂಬತ್ತನೆಯ ಪುಟದಲ್ಲಿ, ಈ ಸಾಕ್ಷಿಯ ನೆನಪು ಅನುಕೂಲಕ್ಕೆ ತಕ್ಕಂತೆ ಮಸುಕಾಗುವ ಸ್ವಭಾವದ್ದು ಎಂದು ಬರೆದ. ನವೆಂಬರಿನೊಳಗೆ ಪೈಪು, ನಲ್ಲಿ ಎಲ್ಲ ಕಿತ್ತು ತೆಗೆಯಬೇಕೆಂದೂ ಬರೆದ. ಪೈಪಿನ ಮಾತು ಊರಿನಲ್ಲಿ ಯಾರಿಗೂ ನೆನಪಿರಲಿಲ್ಲ, ಒಂಬತ್ತನೆಯ ಪುಟ ಎಲ್ಲರಿಗೂ ನೆನಪಿತ್ತು. ಅಂಗಡಿಯಲ್ಲಿ ಕೂತಿರುವ ಮಾರ್ಜ್, ಅವನು ಬಾಗಿಲು ತಳ್ಳಿದ ಕೂಡಲೆ, ಹಾಲಿಗೆ ಬಂದದ್ದು ನೆನಪಿದೆ ತಾನೆ ಎಂದು ಕೇಳುತ್ತಾಳೆ. ನಾಲ್ಕು ತಿಂಗಳಿಂದ ಕೇಳುತ್ತಿದ್ದಾಳೆ, ಬೇಸರವೂ ಆಗಿಲ್ಲ ಅವಳಿಗೆ. ಅಪೀಲು ಹಾಕಿ ತಡೆಯಾಜ್ಞೆ ತಂದಾಗ ಡ್ವೈಟ್ ಮೂರು ದಿನ ಎದೆಯೆತ್ತಿ ಓಡಾಡಿದ. ನಾಲ್ಕನೆಯ ದಿನ ಮಾರ್ಜ್, ಈಗ ನೆನಪಿಗೂ ತಡೆಯಾಜ್ಞೆ ಬಂತೇ ಎಂದಳು.

ಡ್ರಿಲ್ಲನ್ನು ಹೆಗಲಿಗೆ ಹಾಕಿಕೊಂಡು ಅವನು ಮನೆಯ ಕಡೆ ನಡೆದ. ಪೈಪು ಥೆಲ್ಮಾಳ ಕಾಲುದಾರಿಯನ್ನು ದಾಟುವ ಜಾಗದಲ್ಲಿ ಬಗ್ಗಬೇಕಾಯಿತು. ಶುರುವಾದದ್ದು ಇಲ್ಲೇ. ಮೂರು ವರ್ಷದ ಹಿಂದೆ ಅಪ್ಪ ಸತ್ತ ಮೇಲೆ ಡ್ವೈಟ್ ಮರಕ್ಕೆ ತೂಗುಹಾಕುತ್ತಿದ್ದ ಬಕೆಟ್ಟುಗಳನ್ನು ತೆಗೆದು ಪೈಪು ಹಾಕಿದ್ದ. ಆಕೆ ದಿನಾ ಹಳ್ಳದವರೆಗೆ ನಡೆದುಹೋಗುವ ದಾರಿಗೆ ಅದು ಸರಿಯಾಗಿ ಕತ್ತಿನ ಎತ್ತರಕ್ಕೆ ಬಂದಿತ್ತು. ಸ್ವಲ್ಪ ಎತ್ತರಿಸಿ ಕಟ್ಟು ಎಂದು ಹೇಳಲು ಆಕೆ ಫೋನು ಮಾಡಿದ ಹೊತ್ತಿಗೆ ಬಾಣಲೆಯ ಪಾಕ ಉಕ್ಕುತ್ತಿತ್ತು, ಮೂರು ರಾತ್ರಿ ನಿದ್ದೆಯಿರಲಿಲ್ಲ, ಬಾಯಿಗೆ ಬಂದದ್ದು ಎರಡೇ ಪದ: ನಮಗೆ ಹಕ್ಕಿದೆ. ಎಲ್ಲಿಂದ ಬಂತೋ. ಆ ಕ್ಷಣದವರೆಗೆ ಲರಾಬಿಗಳ ಮನೆಯಲ್ಲಿ ಆ ಪದವನ್ನು ಯಾರೂ ಆಡಿರಲಿಲ್ಲ. ಆಕೆ, ಹಾಗಾದರೆ ಅದನ್ನು ಊರಿನ ದಾಖಲೆ ಪುಸ್ತಕದಲ್ಲಿ ಬರೆಸೋಣ ಎಂದು ಫೋನು ಇಟ್ಟಳು. ಪೈಪನ್ನು ಎರಡು ಗೇಣು ಮೇಲೆ ಕಟ್ಟುವುದಕ್ಕೆ ಹತ್ತು ನಿಮಿಷ ಸಾಕಿತ್ತು. ಅದೂ ಈಗ ಆಗುವುದಿಲ್ಲ. ಇದ್ದದ್ದು ಇದ್ದಂತೆ ಇರಬೇಕು ಎಂದು ಫಿಚ್ ತಾಕೀತು ಮಾಡಿದ್ದ. ಐವತ್ತಮೂರು ವರ್ಷದ ಡ್ವೈಟ್ ತಾನೇ ಕಟ್ಟಿದ ಪೈಪಿನಡಿ ದಿನಕ್ಕೆ ನಾಲ್ಕು ಸಲ ತಲೆಬಾಗಿ ಹೋಗುತ್ತಿದ್ದ.

ಊಟದ ಮೇಜಿನ ಮೇಲೆ ಈ ವರ್ಷದ ಮೊದಲ ಕಾಯಿಕೆಯ ಪಾಕ ತುಂಬಿದ ಡಬ್ಬ ಇತ್ತು. ಪಕ್ಕದಲ್ಲಿ ಥೆಲ್ಮಾಳ ಕಾಗದ. ಹೆಂಡತಿ ಕೊಲೀನ್ ಎರಡನ್ನೂ ಬೇಕೆಂದೇ ಅಕ್ಕಪಕ್ಕ ಇಟ್ಟಿದ್ದಳು. ಥೆಲ್ಮಾ ಇನ್ನೂ ಟೈಪ್‌ರೈಟರಿನಲ್ಲೇ ಕಾಗದ ಬರೆಯುತ್ತಾಳೆ. ತಡೆಯಾಜ್ಞೆಯ ಎರಡನೆಯ ಸಾಲನ್ನು ತಾನು ಗಮನವಿಟ್ಟು ಓದಿರುವುದಾಗಿಯೂ, ಹಿಂದಿನಿಂದ ನಡೆದುಬಂದದ್ದರಲ್ಲಿ ಮೊದಲ ಕಾಯಿಕೆಯ ಒಂದು ಡಬ್ಬ ಪಾಕವನ್ನು ಲರಾಬಿಗಳು ಕೈಯಾರೆ ತಂದು ಅಡುಗೆಮನೆಯಲ್ಲಿ ಕೊಟ್ಟು, ಕೂತು, ಹಿಮದ ಮೇಲೆ ಸುರಿದ ಪಾಕವನ್ನು ಉಪ್ಪಿನಕಾಯಿಯೊಂದಿಗೆ ತಿಂದು ಹೋಗುವುದೂ ಸೇರಿರುವುದಾಗಿಯೂ, ಈಚಿನ ಮೂರು ವರ್ಷ ಡಬ್ಬವನ್ನು ಟಪಾಲು ಪೆಟ್ಟಿಗೆಯ ಕಂಬಕ್ಕೆ ಒರಗಿಸಿ ಓಡಿಹೋದದ್ದನ್ನು ನಡೆದುಬಂದದ್ದೆಂದು ಪರಿಗಣಿಸಲಾಗದೆಂದೂ, ತಪ್ಪಿದಲ್ಲಿ ಆಜ್ಞೆಯ ಉಲ್ಲಂಘನೆಯಾಗಿದೆಯೆಂದು ಕೋರ್ಟಿಗೆ ತಿಳಿಸುವುದು ಅನಿವಾರ್ಯವಾಗುವುದೆಂದೂ ಬರೆದಿದ್ದಳು. ಕೆಳಗೆ ಕೈಬರಹದಲ್ಲಿ, ಡೋನಟ್ಟು ಗುರುವಾರ ಮಾಡುತ್ತೇನೆ ಎಂದಿತ್ತು. ಇವತ್ತು ಗುರುವಾರ.

ಫಿಚ್‌ಗೆ ಫೋನಿನಲ್ಲಿ ಓದಿ ಹೇಳಿದಾಗ ಅವನು ನಗಲಿಲ್ಲ. ಖಂಡಿತ ಒಯ್ಯಬೇಡಿ ಎಂದ. ಡಬ್ಬ ಒಯ್ದರೆ ಒಪ್ಪಿಗೆಗೆ ಕೃತಜ್ಞತೆ ಸಲ್ಲಿಸಿದಂತೆ, ಕೃತಜ್ಞತೆ ಎಂದರೆ ಕೇಳಿ ಪಡೆದದ್ದು ಎಂದಂತೆ, ಅಲ್ಲಿಗೆ ಅಪೀಲು ಸತ್ತಂತೆ. ಒಯ್ಯದಿದ್ದರೆ ಉಲ್ಲಂಘನೆಯೇ ಎಂದು ಡ್ವೈಟ್ ಕೇಳಿದ. ಫಿಚ್, ಆ ಬಗ್ಗೆ ಹಿಂದಿನ ತೀರ್ಪುಗಳನ್ನು ಹುಡುಕಬೇಕು ಎಂದ.

ಕೊಲೀನ್ ಬಟ್ಟಲು ತೊಳೆಯುತ್ತ ಬೆನ್ನು ತಿರುಗಿಸಿಕೊಂಡೇ ಹೇಳಿದಳು: "ಉಪ್ಪಿನಕಾಯಿ ತಿನ್ನು ಅಂತ ಕೋರ್ಟೇ ಹೇಳಿದ್ಮೇಲೆ ನಿಂದೇನಪ್ಪ ತಕರಾರು?"

"ನೂರ ನಲವತ್ತು ಮರ ಕಣೇ. ಅವಿಲ್ದೆ ಹೋದ್ರೆ ಬಾಣಲೆ ಹೊತ್ತಿಸೋದೇ ದಂಡ. ಶೆಡ್ಡು ಮುಚ್ಬೇಕಾಗುತ್ತೆ."

"ಮತ್ತೆ ಅವನ್ನ ಯಾಕೆ ಇನ್ನೂ ಕೊರ್ದಿಲ್ಲ? ಕಾಗದ ಜೇಬಲ್ಲಿದೆ, ಎರಡು ದಿನದಿಂದ ನೀರು ಇಳೀತಿದೆ."

ಬೆರಳಿನ ಕಥೆ ಇವಳ ಹತ್ತಿರ ನಡೆಯುವುದಿಲ್ಲವೆಂದು ಡ್ವೈಟ್‌ಗೆ ಗೊತ್ತಿತ್ತು. ಮೂರು ಗಂಟೆಯವರೆಗೆ ಶೆಡ್ಡಿನಲ್ಲಿ ಏನೇನೋ ಮಾಡಿದ, ತೊಳೆದ ಶೋಧಕ ಬಟ್ಟೆಯನ್ನು ಮತ್ತೆ ತೊಳೆದ. ಆಮೇಲೆ ಡಬ್ಬವನ್ನು ಕೋಟಿನೊಳಗೆ ಅವಿತಿಟ್ಟುಕೊಂಡು, ರಸ್ತೆಯಲ್ಲಿ ಯಾರಾದರೂ ಕಂಡಾರೆಂದು ಕಾಡಿನ ಒಳಗಿನಿಂದ ಹೊರಟ. ಕದ್ದು ತೆಗೆದುಕೊಳ್ಳಬೇಕಾದ್ದನ್ನು ಎಲ್ಲರಿಗೂ ಕಾಣುವಂತೆ ತೆಗೆದುಕೊಂಡು, ಎಲ್ಲರಿಗೂ ಕಾಣುವಂತೆ ಕೊಡಬೇಕಾದ್ದನ್ನು ಕದ್ದು ಕೊಡಲು ಹೋಗುತ್ತಿದ್ದೇನೆ ಎಂಬ ಯೋಚನೆ ಬಂತು. ಅದನ್ನು ಫಿಚ್‌ಗೆ ಹೇಳಬೇಕೆನಿಸಿತು, ಹೇಳಿದರೆ ಅವನು ಬರೆದುಕೊಂಡುಬಿಡುತ್ತಾನೆ ಎಂದು ಹೆದರಿಕೆಯೂ ಆಯಿತು. ಅಪ್ಪನಿಗೆ ವಕೀಲನಿರಲಿಲ್ಲ. ಕೇಳುವುದು ಅಪ್ಪನಿಗೆ ಅವಮಾನವೆಂದು ತಾನು ಇಷ್ಟು ವರ್ಷ ನಂಬಿದ್ದ, ಆದರೆ ಟ್ರಕ್ಕಿಗೆ ವಾಪಸು ಬರುವಾಗ ಅಪ್ಪ ಒಂದು ಸಲವೂ ಕುಗ್ಗಿದವನ ಹಾಗೆ ಕಂಡಿರಲಿಲ್ಲವಲ್ಲ, ಬಾಯಲ್ಲಿ ಡೋನಟ್ಟು ಇಟ್ಟುಕೊಂಡು ಬರುತ್ತಿದ್ದ, ನಿನಗೂ ಒಂದು ಕೊಟ್ಟಳು ಎಂದು ಜೇಬಿನಿಂದ ತೆಗೆದು ಕೊಡುತ್ತಿದ್ದ. ಕುಗ್ಗಿದ್ದವನು ಟ್ರಕ್ಕಿನೊಳಗಿದ್ದ. ಇದು ಹೊಳೆದಾಗ ಅವನು ಥೆಲ್ಮಾಳ ಬಾಗಿಲ ಹತ್ತಿರ ಬಂದಾಗಿತ್ತು.

ಅಡುಗೆಮನೆ ಬೆಚ್ಚಗಿತ್ತು. ಎಂಬತ್ತೊಂದರ ಥೆಲ್ಮಾ ಅವನನ್ನು ನೋಡಿ ಗಡಿಯಾರ ನೋಡಿದಳು, ಡಬ್ಬ ತೆಗೆದುಕೊಂಡು ಬೆಳಕಿಗೆ ಹಿಡಿದು ಬಣ್ಣ ನೋಡಿದಳು, ಪರವಾಗಿಲ್ಲ ಎಂಬಂತೆ ತುಟಿ ಮಾಡಿದಳು. ಹಿಂಬಾಗಿಲಿನಿಂದ ಒಂದು ತಟ್ಟೆ ಹಿಮ ಆಗಲೇ ತಂದಿಟ್ಟಿದ್ದಳು. ಪಾಕ ಬಿಸಿಮಾಡಿ ಸುರಿದಳು. ಅದು ಹಿಮದ ಮೇಲೆ ಎಳೆಎಳೆಯಾಗಿ ಗಟ್ಟಿಯಾಯಿತು. ಪಕ್ಕದಲ್ಲಿ ಡೋನಟ್ಟು, ಸಬ್ಬಸಿಗೆ ಹಾಕಿದ ಹುಳಿ ಸೌತೆಕಾಯಿಯ ಉಪ್ಪಿನಕಾಯಿ. ಸಿಹಿ ತಿಂದು ಬಾಯಿ ಕಟ್ಟಿದಾಗ ಒಂದು ತುಂಡು ಹುಳಿ, ಮತ್ತೆ ಸಿಹಿ. ಡ್ವೈಟ್ ತಿಂದ. ಸಾಕ್ಷಿ ಹೇಳುವಾಗ ಬೆವರಿದ್ದಕ್ಕಿಂತ ಹೆಚ್ಚು ಬೆವರಿದ. ಎರಡನೆಯ ಸಲ ಬಡಿಸುವಾಗ ಆಕೆ, ಗೋಂದಿನ ಹಾಗೆ ಬಾಯಿಗಂಟಿದ್ದನ್ನು ಬಿಡಿಸಿಕೊಳ್ಳಲು ಒದ್ದಾಡುತ್ತಿದ್ದ ಅವನನ್ನೇ ನೋಡುತ್ತ, ಅಡಚಣೆಯಿಲ್ಲದೆ ಮಾತಾಡಲು ಇದೇ ಸಮಯವೆಂಬಂತೆ ಶುರುಮಾಡಿದಳು.

"ಒಂದು ನಂಗೆ ಅರ್ಥ ಆಗಿಲ್ಲ, ಡ್ವೈಟ್. ತಡೆಯಾಜ್ಞೆ ಬೇಕು ಅಂತ ಅಷ್ಟು ದೂರ ಜಡ್ಜ್ ಹತ್ರ ಯಾಕೆ ಹೋದೆ? ತೀರ್ಪು ಯಾರ ಕಡೆ ಆಯ್ತು?"

"ನಿಮ್ ಕಡೆ."

"ಅದನ್ನ ಜಾರಿ ಮಾಡ್ಸು ಅಂತ ಹೋಗಿ ಕೇಳ್ಬೇಕಾದೋರು ಯಾರು?"

ಅವನು ಬಾಯಲ್ಲಿದ್ದುದನ್ನು ನುಂಗಿದ. "ನೀವು."

"ನಾನು ಕೇಳಿದ್ರೆ ತಾನೆ ಜಾರಿ. ಪಕ್ಕದ ಮನೇಲಿ ಕೂತಿದ್ದೀನಿ. ಬಂದು ಒಂದ್ಮಾತು ಹೇಳಿದ್ರೆ ನಾನೇ ತಡೀತಿದ್ದೆ."

ಇಷ್ಟು ಸರಳವಾದದ್ದು ತನಗೂ ಫಿಚ್‌ಗೂ ಇಬ್ಬರಿಗೂ ಹೊಳೆಯಲಿಲ್ಲವಲ್ಲ ಎಂದು ಡ್ವೈಟ್ ತಟ್ಟೆ ನೋಡುತ್ತ ಕೂತ. ಹಿಮ ಕರಗಿ ಅಂಚಿನಲ್ಲಿ ನೀರಾಗುತ್ತಿತ್ತು. ನಾಚಿಕೆ ಎಂಬುದು ಹೊಟ್ಟೆಯಿಂದ ಮೇಲಕ್ಕೆ ಬರುತ್ತದೆಂದು ಅವನು ತಿಳಿದಿದ್ದ, ಇದು ಕಿವಿಯಿಂದ ಕೆಳಕ್ಕೆ ಇಳಿಯಿತು. ಜಾಣತನದಲ್ಲಿ ಸೋತದ್ದಕ್ಕಲ್ಲ. ಈ ಹೆಂಗಸಿನ ಎದುರು, ಇದೇ ಬಾಗಿಲ ಬಗ್ಗೆ, ಪ್ರಮಾಣ ಮಾಡಿ ಸುಳ್ಳು ಹೇಳಿದ್ದಕ್ಕೆ.

"ನಾನು ನೋಡಿದ್ದೆ, ಮಿಸೆಸ್ ಪೆಕ್," ಎಂದ. "ಅಪ್ಪ ಕೇಳೋದನ್ನ. ಟ್ರಕ್ಕಲ್ಲಿ ಕೂತಿದ್ದೆ. ಪ್ರತಿ ವರ್ಷ ನೋಡಿದ್ದೆ."

"ಗೊತ್ತು. ಇಂಜಿನ್ ಆರಿಸ್ತಾ ಇರ್ಲಿಲ್ಲ ನೀನು. ಹೊಗೆಯೆಲ್ಲ ಒಳಗೆ ಬರ್ತಿತ್ತು."

ಅಷ್ಟೇ ಅಂದಳು. ಅವನು ಎದ್ದು ಫೋನು ತೆಗೆದ. ಆ ಕಣಿವೆಯಲ್ಲಿ ಅದು ಹಿಡಿಯುವುದಿಲ್ಲ. ಗೋಡೆಯದ್ದು ಉಪಯೋಗಿಸು ಎಂದು ಆಕೆ ಗಲ್ಲದಿಂದಲೇ ತೋರಿಸಿದಳು. ಫಿಚ್ ಸಿಕ್ಕ. ತಾನು ಕಟಕಟೆಯಲ್ಲಿ ಹೇಳಿದ್ದು ಸುಳ್ಳು, ಅದನ್ನು ಸರಿಪಡಿಸಲು ಏನು ಮಾಡಬೇಕೋ ಮಾಡಿ, ಅಪೀಲು ವಾಪಸು ತೆಗೆದುಕೊಳ್ಳಿ ಎಂದು ಡ್ವೈಟ್ ಹೇಳಿದ. ಅಪೀಲು ಹೋದರೆ ತಡೆಯಾಜ್ಞೆಯೂ ಅದರ ಜೊತೆಗೇ ಹೋಗುತ್ತದೆ, ಆಕೆ ಯಾವ ದಿನ ಬೇಕಾದರೂ ಬಂದು ಪೈಪು ಕಿತ್ತುಹಾಕಿಸಬಹುದು, ಮನೆಗೆ ಹೋಗಿ ಮಲಗಿ, ನಾಳೆ ಮಾತಾಡೋಣ ಎಂದು ಫಿಚ್ ಅಂದ. ಆಮೇಲೆ ಅನುಮಾನ ಬಂದವನ ಹಾಗೆ, ಎಲ್ಲಿಂದ ಮಾತಾಡ್ತಿದ್ದೀರಿ ಎಂದು ಕೇಳಿದ.

"ಎದುರು ಪಕ್ಷದ ಅಡುಗೆಮನೆಯಿಂದ," ಎಂದು ಹೇಳಿ ಡ್ವೈಟ್ ಫೋನು ಇಟ್ಟ.

ಈಗ ಉಳಿದದ್ದು ಒಂದೇ. ಅದನ್ನು ಮೇಜಿನ ಮುಂದೆ ಕೂತು ಮಾಡುವುದು ಸರಿಯೆನಿಸಲಿಲ್ಲ. ಅವನು ಬಾಗಿಲಿನವರೆಗೆ ಹೋದ, ಹೊರಗೆ ಕಾಲಿಟ್ಟ, ತಿರುಗಿದ, ಉಣ್ಣೆಯ ಟೋಪಿ ತೆಗೆದ. ಕೂದಲು ಎದ್ದು ನಿಂತು ತಾನು ಪೆದ್ದನ ಹಾಗೆ ಕಾಣುತ್ತಿರಬೇಕು ಎನ್ನಿಸಿತು. ಅಪ್ಪನದು ಬೋಳುತಲೆ, ಆ ತೊಂದರೆ ಇರಲಿಲ್ಲ.

"ಮಿಸೆಸ್ ಪೆಕ್, ಈ ವರ್ಷ ನಿಮ್ಮ ಮರ ಕೊರೀಲಾ?"

ಥೆಲ್ಮಾ ಒಲೆಯ ಪಕ್ಕದಲ್ಲಿ ಕೈ ಒರೆಸಿಕೊಳ್ಳುತ್ತ ಅವನನ್ನು ಬಹಳ ಹೊತ್ತು ನೋಡಿದಳು. ಮುಖ ಸಡಿಲಾಯಿತು. ಈ ಪ್ರಶ್ನೆಗೆ ಮೂರು ವರ್ಷ ಕಾದಿದ್ದಳೆಂಬುದು ಯಾರಿಗಾದರೂ ಕಾಣುವಂತಿತ್ತು.

"ಇಲ್ಲ," ಎಂದಳು.

ತನಗೆ ಕೇಳಿಸಿದ್ದು ಸರಿಯೋ ಎಂದು ಅವನು ನಿಂತ. ಕೇಳಿದವನಿಗೆ ಇಲ್ಲ ಎನ್ನುವುದೂ ಸಾಧ್ಯವೆಂಬುದನ್ನು ಲರಾಬಿಗಳ ಮನೆಯಲ್ಲಿ ಯಾರೂ ಯೋಚಿಸಿರಲಿಲ್ಲ. ಇನ್ನೂರು ಮರ, ತಣ್ಣಗಿನ ಬಾಣಲೆ, ಬೀಗ ಹಾಕಿದ ಶೆಡ್ಡು, ಮಾರ್ಜ್‌ಳ ಅಂಗಡಿ, ಎಲ್ಲ ಒಟ್ಟಿಗೆ ಕಣ್ಣ ಮುಂದೆ ಬಂದವು. ಆಗಲಿ ಎಂದು ಹೇಳಿ ಟೋಪಿ ಹಾಕಿಕೊಳ್ಳಲು ಹೋದ.

"ನಿಲ್ಲು. ನಿನ್ನಪ್ಪನಂಗೆ ಪೂರ್ತಿ ಕೇಳಿಸ್ಕೊಂಡು ಹೋಗು," ಎಂದಳು ಥೆಲ್ಮಾ. "ಹೂಂ ಅಂದ್ರೆ ಮತ್ತೆ ಉಪಕಾರ. ನಾನು ಇರೋವರೆಗೆ ಸರಿ. ಆಮೇಲೆ ಈ ಜಾಗ ಅರಿಜೋನಾದಲ್ಲಿರೋ ನನ್ನ ತಮ್ಮನ ಮಗನಿಗೆ. ಅವನಿಗೆ ಮೇಪಲ್ಲಿಗೂ ಮುಳ್ಳುಗಿಡಕ್ಕೂ ವ್ಯತ್ಯಾಸ ಗೊತ್ತಿಲ್ಲ. ನನ್ನ ಹೂಂ ನನ್ನ ಜೊತೇಲೇ ಮಣ್ಣಾಗುತ್ತೆ. ಅದಕ್ಕೇ ಇಲ್ಲ ಅಂದಿದ್ದು. ಇನ್ಮೇಲೆ ನೀನು ಕೊರೆದದ್ದೆಲ್ಲ ನನ್ನ ಒಪ್ಪಿಗೆ ಇಲ್ದೆ ಕೊರೆದದ್ದು. ಬರೆದಿಟ್ಕೋತೀನಿ, ತಾರೀಕು ಹಾಕಿ."

"ಮತ್ತೆ ತೀರ್ಪು?"

"ಅದು ನನ್ನ ಬೀರುವಲ್ಲಿರುತ್ತೆ. ಇವತ್ತಿಂದ ಹದಿನೈದು ವರ್ಷ ಹೀಗೇ ಕೊರೆದ್ರೆ ಹಕ್ಕು ನಿಂದಾಗುತ್ತೆ. ಪ್ರತಿ ಮಾರ್ಚಲ್ಲೂ ನೀನು ಬಂದು ಕೇಳ್ಬೇಕು, ನಾನು ಇಲ್ಲ ಅನ್ಬೇಕು. ಕೇಳೋ ಜವಾಬ್ದಾರಿ ನಿಂದು, ಬದುಕಿರೋದು ನಂದು."

ಇದು ಕಾನೂನಿಗೆ ನಿಲ್ಲುತ್ತದೋ ಇಲ್ಲವೋ ಫಿಚ್‌ನನ್ನು ಕೇಳಬೇಕು ಎಂದು ಒಂದು ಗಳಿಗೆ ಅನ್ನಿಸಿತು. ಕೇಳಬಾರದು ಎಂದೂ ಅನ್ನಿಸಿತು. ಎಂಬತ್ತೊಂದಕ್ಕೆ ಹದಿನೈದು ಸೇರಿಸಿದ. ಬದುಕಿನಲ್ಲಿ ಮೊದಲ ಸಲ ಒಬ್ಬರಿಗೆ ತೊಂಬತ್ತಾರು ವರ್ಷ ತುಂಬಲಿ ಎಂದು ಅವನು ಮನಸಾರೆ ಬಯಸಿದ. ಮರಗಳಿಗಾಗಿಯೋ ಎಂದು ತನ್ನನ್ನೇ ಅನುಮಾನದಿಂದ ಕೇಳಿಕೊಂಡ, ಇರಬಹುದು, ಆದರೆ ಅಷ್ಟೇ ಅಲ್ಲ. ಮೆಟ್ಟಿಲಿಳಿಯುವಾಗ ಕಾಲು ಜಾರಿತು. ಮೆಟ್ಟಿಲ ಪಕ್ಕದ ಕಟಕಟೆ ಹಿಡಿದು ನಿಂತು ನೋಡಿದ. ಸೂರಿನಿಂದ ಹಗಲೆಲ್ಲ ತೊಟ್ಟಿಕ್ಕಿದ ನೀರು ನಾಲ್ಕೂ ಮೆಟ್ಟಿಲ ಮೇಲೆ ಆಗಲೇ ಗಾಜಿನಂತೆ ಹೆಪ್ಪುಗಟ್ಟಿತ್ತು. ಈ ಮೆಟ್ಟಿಲನ್ನು ಆಕೆ ದಿನಕ್ಕೆ ಎಷ್ಟು ಸಲ ಇಳಿಯುತ್ತಾಳೋ. ಬಾಗಿಲ ಪಕ್ಕದಲ್ಲಿ ಒಲೆಯ ಬೂದಿ ತುಂಬಿದ ತಗಡಿನ ಬಕೆಟ್ಟು ಇತ್ತು. ಅವನು ಅದರೊಳಗೆ ಕೈಯಿಟ್ಟು, ಬಗ್ಗಿ, ಮೇಲಿನ ಮೆಟ್ಟಿಲಿನಿಂದ ಶುರುಮಾಡಿ, ಕಾಲು ಜಾರದಂತೆ ಎರಚತೊಡಗಿದ.

"ಡ್ವೈಟ್," ಎಂದು ಥೆಲ್ಮಾ ಬಾಗಿಲಿನಿಂದ ಕೇಳಿದಳು, "ಯಾರನ್ನ ಕೇಳಿ ನನ್ನ ಮೆಟ್ಟಿಲಿಗೆ ಬೂದಿ ಹಾಕ್ತಿದ್ದೀಯ?"

"ಯಾರನ್ನೂ ಕೇಳಿಲ್ಲ, ಮಿಸೆಸ್ ಪೆಕ್," ಎಂದು ಅವನು ಇನ್ನೊಂದು ಹಿಡಿ ತೆಗೆದುಕೊಂಡ.